ನಕಾಶೆ ಕಂಡ ದಾರಿ, ನಡೆದು ಬಿದ್ದ ದಾರಿ

ಮುಂಗಾರಿನ ಮೊದಲ ಮಳೆ ಬಿದ್ದ ವಾರದಲ್ಲಿ ಯಾವ ತಾಲ್ಲೂಕು ಕಚೇರಿಗೆ ಹೋದರೂ ಒಂದೇ ಒಕ್ಕಣೆಯ ಅರ್ಜಿಗಳು ಕಾಣಸಿಗುತ್ತವೆ. ‘ತಲೆತಲಾಂತರದಿಂದ ಓಡಾಡುತ್ತಿದ್ದ ಬಂಡಿದಾರಿಗೆ ಮುಂದಿನ ಹೊಲದವರು ಕಲ್ಲುಕಂಬ ನೆಟ್ಟು ತಂತಿ ಬಿಗಿದಿರುತ್ತಾರೆ. ಟ್ರ್ಯಾಕ್ಟರ್ ಹೋಗದೆ ಉಳುಮೆ ನಿಂತಿರುತ್ತದೆ. ತಾವು ದಯಮಾಡಿ ದಾರಿ ಬಿಡಿಸಿಕೊಡಬೇಕಾಗಿ ಪ್ರಾರ್ಥನೆ.’ ಅರ್ಜಿ ಕೊಟ್ಟವರ ಅಲೆದಾಟ ಅಲ್ಲಿಂದ ಶುರು. ತಹಶೀಲ್ದಾರರು ‘ಇದು ಸಿವಿಲ್ ಸ್ವರೂಪದ್ದು, ಕೋರ್ಟಿಗೆ ಹೋಗಿ’ ಎನ್ನುತ್ತಾರೆ. ಠಾಣೆಯಲ್ಲಿ ‘ಕಂದಾಯದವರನ್ನು ಕೇಳಿ’ ಎನ್ನುತ್ತಾರೆ. ಪಂಚಾಯಿತಿಯ ಪಿಡಿಒ ‘ಮೊದಲು ಸರ್ವೆ ಆಗಲಿ’ ಎನ್ನುತ್ತಾರೆ. ಸರ್ವೆಯವರು ಬರುವಷ್ಟರಲ್ಲಿ ಹದ ಹೋಗಿ, ಮುಚ್ಚಿದ ದಾರಿಯಲ್ಲಿ ಮೊಣಕಾಲುದ್ದ ಜೋಳ ನಿಂತಿರುತ್ತದೆ.

ಇವರೆಲ್ಲ ಕೈತೊಳೆದುಕೊಳ್ಳುತ್ತಿದ್ದಾರೆ ಎಂದು ಬೈಯುವುದು ಸುಲಭ, ಕೆಲವೊಮ್ಮೆ ಅದು ನಿಜವೂ ಹೌದು. ಆದರೆ ಅರ್ಜಿಯಲ್ಲೇ ಒಂದು ಕೊರತೆ ಇರುತ್ತದೆ. ದಾರಿ ಮುಚ್ಚಿದವರು ಯಾರು, ಎಂದು ಮುಚ್ಚಿದರು, ಜಗಳದಲ್ಲಿ ಯಾರಿಗೆ ಪೆಟ್ಟಾಯಿತು ಎಲ್ಲವೂ ಅದರಲ್ಲಿದೆ. ಆ ದಾರಿ ಯಾರ ನೆಲದ ಮೇಲಿದೆ ಎಂಬುದು ಮಾತ್ರ ಇಲ್ಲ. ಹಳ್ಳಿಯ ದಾರಿ ವ್ಯಾಜ್ಯದಲ್ಲಿ ಯಾವ ಕಚೇರಿಗೆ ಹೋಗಬೇಕು, ಏನನ್ನು ಸಾಬೀತು ಮಾಡಬೇಕು, ಎಷ್ಟು ದಿನದೊಳಗೆ ಹೋಗಬೇಕು ಎಂಬುದೆಲ್ಲ ಆ ಒಂದು ಪ್ರಶ್ನೆಯ ಉತ್ತರಕ್ಕೆ ಕಟ್ಟುಬಿದ್ದಿದೆ. ನ್ಯಾಯ ತಮ್ಮ ಕಡೆಯೇ ಇದ್ದರೂ ಎಷ್ಟೋ ಜನ ಸೋಲುವುದು ತಪ್ಪು ಬಾಗಿಲು ತಟ್ಟಿದ್ದರಿಂದ.

ನೋಡುವ ಕಣ್ಣಿಗೆ ಎಲ್ಲ ದಾರಿಯೂ ಒಂದೇ. ಎರಡು ಗಾಲಿಯ ಜಾಡು, ನಡುವೆ ಗರಿಕೆ ಹುಲ್ಲು, ಪಕ್ಕದಲ್ಲಿ ಕತ್ತಾಳೆಯೋ ಲಂಟಾನವೋ. ಕಾನೂನಿನ ಕಣ್ಣಿಗೆ ಮಾತ್ರ ಅವು ಬೇರೆ ಬೇರೆ. ಸರ್ಕಾರದ ನೆಲದ ಮೇಲಿರುವ, ಎಲ್ಲರೂ ನಡೆಯಬಹುದಾದ ದಾರಿ ಒಂದು. ಇನ್ನೊಬ್ಬರ ಪಟ್ಟಾ ಜಮೀನಿನೊಳಗೆ ಹಾದುಹೋದರೂ ಅದರ ಮೇಲೆ ನಿಮಗೆ ನಡೆಯುವ ಹಕ್ಕಿರುವ ದಾರಿ ಇನ್ನೊಂದು. ‘ಹೋಗಪ್ಪ, ಅದಕ್ಕೇನಂತೆ’ ಎಂದು ಜಮೀನಿನವರು ವಿಶ್ವಾಸಕ್ಕೆ ಬಿಟ್ಟುಕೊಟ್ಟ ದಾರಿ ಮತ್ತೊಂದು. ಮೊದಲನೆಯದನ್ನು ಯಾರೂ ಮುಚ್ಚುವಂತಿಲ್ಲ. ಎರಡನೆಯದನ್ನು ಮುಚ್ಚಿದರೆ ಸಿವಿಲ್ ಕೋರ್ಟು ತೆರೆಸುತ್ತದೆ, ನೀವು ಸಾಬೀತು ಮಾಡಿದರೆ. ಕೊನೆಯದನ್ನು ಬಿಟ್ಟವರೇ ಮುಚ್ಚಿದರೆ ಸಾಮಾನ್ಯವಾಗಿ ಕೇಳುವ ಹಾಗಿಲ್ಲ.

ನಿಮ್ಮ ದಾರಿ ಇವುಗಳಲ್ಲಿ ಯಾವುದು ಎಂದು ತಿಳಿಯಲು ವಕೀಲರಿಗಿಂತ ಮೊದಲು ನೋಡಬೇಕಾದದ್ದು ಗ್ರಾಮ ನಕಾಶೆ. ಭೂಮಾಪನ ಇಲಾಖೆಯ ಈ ನಕಾಶೆಯಲ್ಲಿ ಊರಿನ ಎಲ್ಲ ಸರ್ವೆ ನಂಬರುಗಳ ಗಡಿ, ಕೆರೆ, ಹಳ್ಳ, ದಾರಿಗಳು ಇರುತ್ತವೆ. ಒಂಟಿ ಚುಕ್ಕೆಗೆರೆ ಎಳೆದಿದ್ದರೆ ಕಾಲುದಾರಿ, ಜೋಡಿ ಚುಕ್ಕೆಗೆರೆ ಇದ್ದರೆ ಬಂಡಿದಾರಿ. ಕಚೇರಿ ಭಾಷೆಯಲ್ಲಿ ‘ನಕಾಶೆ ಕಂಡ ದಾರಿ’ ಎಂದರೆ ಇದೇ. ನಿಮ್ಮ ದಾರಿ ಅಲ್ಲಿ ಕಂಡರೆ ಅರ್ಧ ವ್ಯಾಜ್ಯ ಗೆದ್ದಂತೆ, ಕಾಣದಿದ್ದರೆ ಮುಂದಿನ ಹಾದಿಯೇ ಬೇರೆ.

ನಕಾಶೆಯಲ್ಲಿ ದಾರಿಯ ಅಗಲ ಬರೆದಿರುವುದಿಲ್ಲ. ‘ದಾರಿ ಇತ್ತು ಸ್ವಾಮಿ, ಆದರೆ ಮೂರಡಿ ಇತ್ತು’ ಎಂದು ಒತ್ತುವರಿದಾರ ವಾದಿಸುವುದು ಇದೇ ಧೈರ್ಯದ ಮೇಲೆ. ಆಗ ಪಹಣಿಯ 3ನೇ ಕಲಂ ನೋಡಬೇಕು. ಅಲ್ಲಿ ಒಟ್ಟು ವಿಸ್ತೀರ್ಣದ ಕೆಳಗೆ ಫೂಟ್ ಖರಾಬು ‘ಅ’ ಮತ್ತು ‘ಬ’ ಎಂದು ಎರಡು ಸಾಲು ಇರುತ್ತವೆ. ‘ಅ’ ಖರಾಬು ಎಂದರೆ ಸಾಗುವಳಿಗೆ ಬಾರದ ಕಲ್ಲು ನೆಲ ಇತ್ಯಾದಿ, ಅದು ಖಾತೆದಾರನ ಹಿಡುವಳಿಗೇ ಸೇರಿದ್ದು. ‘ಬ’ ಖರಾಬು ಎಂದರೆ ದಾರಿ, ಹಳ್ಳ, ಸ್ಮಶಾನದಂಥ ಸಾರ್ವಜನಿಕ ಉಪಯೋಗಕ್ಕೆ ಬಿಟ್ಟ ನೆಲ. 1966ರ ಕರ್ನಾಟಕ ಭೂ ಕಂದಾಯ ನಿಯಮಗಳ 21ನೇ ನಿಯಮ ಮಾಡುವ ವಿಂಗಡಣೆ ಇದು. ‘ಬ’ ಖರಾಬು ಒಬ್ಬರ ಸರ್ವೆ ನಂಬರಿನ ಒಳಗಿದ್ದರೂ ಅವರದಲ್ಲ, ಅದಕ್ಕೆ ಅವರು ಕಂದಾಯವನ್ನೂ ಕಟ್ಟಿಲ್ಲ.

ಒಂದು ಲೆಕ್ಕ ನೋಡೋಣ. ನಮ್ಮ ಸರ್ವೆಯವರ ಸರಪಳಿ 33 ಅಡಿಯದು, ಅದರಲ್ಲಿ 16 ಆಣೆ. ಒಂದು ಸರಪಳಿ ಉದ್ದ, ಒಂದು ಸರಪಳಿ ಅಗಲದ ಚೌಕ ಎಂದರೆ ಒಂದು ಗುಂಟೆ, 1,089 ಚದರಡಿ. ಒಂದು ಸರ್ವೆ ನಂಬರಿನಲ್ಲಿ ದಾರಿಗಾಗಿ 4 ಗುಂಟೆ ‘ಬ’ ಖರಾಬು ತೆಗೆದಿದ್ದಾರೆ, ದಾರಿ ಆ ನಂಬರಿನೊಳಗೆ ಹತ್ತು ಸರಪಳಿ, ಅಂದರೆ 330 ಅಡಿ, ಹಾದುಹೋಗಿದೆ ಎಂದುಕೊಳ್ಳಿ. 4 ಗುಂಟೆಯ 4,356 ಚದರಡಿಯನ್ನು 330ರಿಂದ ಭಾಗಿಸಿದರೆ 13.2 ಅಡಿ ಬರುತ್ತದೆ. ಎದುರಿನವನ ‘ಮೂರಡಿ’ಯ ಕತೆ ಅಲ್ಲಿಗೆ ಮುಗಿಯಿತು. ಪಹಣಿಯ ಖರಾಬನ್ನು ಸರ್ವೆ ನಂಬರುಗಳ ವಿಸ್ತೀರ್ಣ, ಖರಾಬಿನ ಲೆಕ್ಕವಿರುವ ಆಕಾರ್‌ಬಂದ್ ಜೊತೆಗೂ, ದಾರಿಯ ಉದ್ದವನ್ನು ಸರ್ವೆಯ ಅಳತೆ ಬರೆದಿಟ್ಟ ಮೂಲ ಟಿಪ್ಪಣಿ ಜೊತೆಗೂ ತಾಳೆ ನೋಡಬೇಕು. ಈ ಕಾಗದಗಳ ದೃಢೀಕೃತ ನಕಲನ್ನು ಅರ್ಜಿ ಹಾಕಿ ಪಡೆಯಬಹುದು, ಗ್ರಾಮ ನಕಾಶೆಗಳು ಇಲಾಖೆಯ ಜಾಲತಾಣದಲ್ಲೂ ಇವೆ. ದಿಶಾಂಕ್ ಆ್ಯಪ್ ತೆರೆದು ಹೊಲದಲ್ಲಿ ನಿಂತು ‘ನೋಡಿ, ಮೊಬೈಲಿನಲ್ಲಿ ದಾರಿ ಇಲ್ಲೇ ತೋರಿಸ್ತಿದೆ’ ಎಂದು ಜಗಳಕ್ಕೆ ನಿಲ್ಲಬೇಡಿ. ಅದು ಅಂದಾಜಿಗೆ ಸರಿ, ಅಡಿ ಲೆಕ್ಕದ ಜಗಳಕ್ಕೆ ಆಗಿಬರುವುದಿಲ್ಲ. ಅದಕ್ಕೆ ಹದ್ದುಬಸ್ತಿಗೆ ಶುಲ್ಕ ಕಟ್ಟಿ, ಅಕ್ಕಪಕ್ಕದವರಿಗೆ ನೋಟಿಸ್ ಕೊಡಿಸಿ, ಅಳತೆ ಮಾಡಿಸಬೇಕು.

ಚುಕ್ಕೆಗೆರೆ ಇದ್ದು ಖರಾಬು ತೆಗೆಯದ ಕಡೆಗಳೂ ಇವೆ. ಇಲ್ಲಿ ತಕರಾರು ಜಟಿಲ. ಖಾತೆದಾರ ‘ಪೂರಾ ವಿಸ್ತೀರ್ಣಕ್ಕೆ ಕಂದಾಯ ಕಟ್ಟಿದ್ದೇನೆ, ನೆಲ ನನ್ನದು’ ಎನ್ನುತ್ತಾನೆ. ಊರಿನವರು ‘ನೆಲ ನಿನ್ನದೇ ಇರಲಿ, ದಾರಿ ಊರಿನದು’ ಎನ್ನುತ್ತಾರೆ. ಆಗ ನಕಾಶೆಯ ಗೆರೆ ಒಂದು ಬಲವಾದ ಸಾಕ್ಷಿಯಾಗುತ್ತದೆಯೇ ಹೊರತು ಕೊನೆಯ ಮಾತಾಗುವುದಿಲ್ಲ. ಜನ ನಿಜಕ್ಕೂ ಅಲ್ಲಿ ನಡೆದಿದ್ದರು ಎಂಬುದಕ್ಕೆ ಬೇರೆ ಪುರಾವೆಯೂ ಬೇಕು.

ದಾರಿ ಸರ್ಕಾರದ್ದೇ ಎಂದು ಕಾಗದ ಹೇಳಿದರೆ ಕಾನೂನು ಸಾಕಷ್ಟು ಗಟ್ಟಿಯಾಗಿದೆ. 1964ರ ಕರ್ನಾಟಕ ಭೂ ಕಂದಾಯ ಕಾಯ್ದೆಯ 67ನೇ ಕಲಂ ಸಾರ್ವಜನಿಕ ರಸ್ತೆ, ಓಣಿ, ದಾರಿಗಳೆಲ್ಲ ರಾಜ್ಯ ಸರ್ಕಾರದ ಸ್ವತ್ತು ಎಂದು ಸಾರುತ್ತದೆ. ಅಂಥ ದಾರಿ ಸಾರ್ವಜನಿಕರಿಗೆ ಇನ್ನು ಬೇಡ ಎಂದು ತೀರ್ಮಾನಿಸಬೇಕಾದರೂ 68ನೇ ಕಲಂ ಪ್ರಕಾರ ಪ್ರಕಟಣೆ ಹೊರಡಿಸಿ, ಆಕ್ಷೇಪಣೆ ಕೇಳಿ ಮಾಡಬೇಕು. ಗ್ರಾಮಸಭೆಯಲ್ಲಿ ನಾಲ್ಕು ಜನ ಕೈ ಎತ್ತಿದ ಮಾತ್ರಕ್ಕೆ, ದೇವಸ್ಥಾನಕ್ಕೆ ದೇಣಿಗೆ ಕೊಟ್ಟ ಮಾತ್ರಕ್ಕೆ ಊರಿನ ಓಣಿ ಯಾರ ಹಿತ್ತಿಲೂ ಆಗುವುದಿಲ್ಲ. ಒತ್ತುವರಿ ಬಿಡಿಸಲು 104ನೇ ಕಲಂನಲ್ಲಿ ಅಧಿಕಾರವಿದೆ. ಸರ್ಕಾರಿ ಜಮೀನನ್ನು ಹಿಡಿದಿಟ್ಟುಕೊಳ್ಳುವ ಉದ್ದೇಶದಿಂದ ಅಕ್ರಮವಾಗಿ ಪ್ರವೇಶಿಸುವುದು 192ಎ ಕಲಂ ಪ್ರಕಾರ ಅಪರಾಧ. ಗ್ರಾಮಠಾಣದೊಳಗಿನ ಬೀದಿಗೆ ಮೆಟ್ಟಿಲು, ಕಟ್ಟೆ, ಶೌಚಾಲಯ ಹೊರಚಾಚಿ ಕಟ್ಟಿದ್ದರೆ ಅದನ್ನು ತೆಗೆಸುವ ಅಧಿಕಾರ ಪಂಚಾಯತ್ ರಾಜ್ ಕಾಯ್ದೆಯಡಿ ಗ್ರಾಮ ಪಂಚಾಯಿತಿಗೆ ಇದೆ. ನಕಾಶೆ ಕಂಡ ದಾರಿಗಳನ್ನು ತೆರವುಗೊಳಿಸಿ ಓಡಾಟಕ್ಕೆ ಅನುವು ಮಾಡಿಕೊಡಿ ಎಂದು ಕಂದಾಯ ಇಲಾಖೆ ತಹಶೀಲ್ದಾರರಿಗೆ ಸುತ್ತೋಲೆಯನ್ನೂ ಕಳಿಸಿದೆ. ಆದ್ದರಿಂದ ಇಂಥ ದಾರಿಯ ವಿಷಯದಲ್ಲಿ ‘ಸಿವಿಲ್ ಸ್ವರೂಪದ್ದು’ ಎಂಬ ಹಿಂಬರಹ ಬಂದರೆ ಅದನ್ನು ಒಪ್ಪಿಕೊಂಡು ಸುಮ್ಮನೆ ಮನೆಗೆ ಬರಬೇಕಿಲ್ಲ. ನಕಾಶೆ, ಆಕಾರ್‌ಬಂದ್, ಹದ್ದುಬಸ್ತಿನ ವರದಿ ಇಟ್ಟು ಉಪವಿಭಾಗಾಧಿಕಾರಿಗಳ ಮುಂದೆ ಹೋಗಬಹುದು.

ದೇಶದ ಸರ್ವೋಚ್ಚ ನ್ಯಾಯಾಲಯವೂ ಈ ವಿಷಯದಲ್ಲಿ ಕಟ್ಟುನಿಟ್ಟಾಗಿದೆ. ಪಂಜಾಬಿನ ಪಟಿಯಾಲ ಜಿಲ್ಲೆಯ ಒಂದು ಹಳ್ಳಿಯ ಕೆರೆ ಒತ್ತುವರಿಗೆ ಸಂಬಂಧಿಸಿದ ಜಗ್‌ಪಾಲ್ ಸಿಂಗ್ ಪ್ರಕರಣದಲ್ಲಿ 2011ರ ಜನವರಿಯಲ್ಲಿ ಬಂದ ತೀರ್ಪು, ಗ್ರಾಮದ ಸಾಮುದಾಯಿಕ ನೆಲದ ಒತ್ತುವರಿ ಬಿಡಿಸಲು ಎಲ್ಲ ರಾಜ್ಯಗಳೂ ಯೋಜನೆ ರೂಪಿಸಬೇಕೆಂದು ಹೇಳಿತು. ಬಹಳ ವರ್ಷದಿಂದ ಅನುಭವದಲ್ಲಿದ್ದೇವೆ, ಮನೆ ಕಟ್ಟಲು ದುಡ್ಡು ಸುರಿದಿದ್ದೇವೆ ಎಂಬುದು ಸಕ್ರಮಕ್ಕೆ ಕಾರಣವಾಗಕೂಡದು ಎಂದೂ ಹೇಳಿತು. ಇಂದಿಗೂ ಒತ್ತುವರಿ ತೆರವಿನ ಆದೇಶಗಳಲ್ಲಿ ಈ ತೀರ್ಪಿನ ಹೆಸರು ಬರುತ್ತದೆ.

ಇನ್ನು ಮ್ಯಾಜಿಸ್ಟ್ರೇಟರ ದಾರಿ. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 133ನೇ ಕಲಂ 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 152 ಆಗಿದೆ. ಸಾರ್ವಜನಿಕ ದಾರಿಗೆ ಅಡ್ಡಿಯಾದದ್ದನ್ನು ತೆಗೆಯುವಂತೆ ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟರು ಷರತ್ತಿನ ಆದೇಶ ಹೊರಡಿಸಬಹುದು. ಹೆಚ್ಚಿನ ಕಡೆ ಇದು ಉಪವಿಭಾಗಾಧಿಕಾರಿಗಳ ಮುಂದೆ ನಡೆಯುತ್ತದೆ. ಸಿವಿಲ್ ದಾವೆಗಿಂತ ಇದು ಬೇಗ, ಖರ್ಚೂ ಕಡಿಮೆ. ಆದರೆ ಎದುರಿನವರು ಹಾಜರಾಗಿ ‘ಇದು ಸಾರ್ವಜನಿಕ ದಾರಿಯೇ ಅಲ್ಲ’ ಎಂದು ನಿರಾಕರಿಸಿ, ಅದಕ್ಕೆ ನಂಬುವಂಥ ಪುರಾವೆ ಇಟ್ಟರೆ 156ನೇ ಕಲಂ ಪ್ರಕಾರ ಮ್ಯಾಜಿಸ್ಟ್ರೇಟರು ಕೈಕಟ್ಟಿ ಕೂರಬೇಕು. ಹಕ್ಕಿನ ಪ್ರಶ್ನೆಯನ್ನು ಸಿವಿಲ್ ಕೋರ್ಟು ತೀರ್ಮಾನಿಸುವ ತನಕ ನಡವಳಿ ನಿಲ್ಲುತ್ತದೆ. ನಕಾಶೆ ಮತ್ತು ಖರಾಬಿನ ಲೆಕ್ಕ ಕೈಯಲ್ಲಿಟ್ಟುಕೊಂಡೇ ಹೋಗಿ ಎನ್ನುವುದು ಇದಕ್ಕಾಗಿ. ಅವಿದ್ದರೆ ನಿರಾಕರಣೆಗೆ ಬಲ ಬರುವುದಿಲ್ಲ.

ಇಲ್ಲಿ ಒಂದು ಮಾತು ಪ್ರತ್ಯೇಕವಾಗಿ ಹೇಳಬೇಕು. ಕೇರಿಯ ಜನ ಸ್ಮಶಾನಕ್ಕೆ ಹೆಣ ಹೊತ್ತುಕೊಂಡು ಹೋಗುವ ದಾರಿ, ನೀರಿಗೆ ಹೋಗುವ ದಾರಿ ಮುಚ್ಚುವುದು ನಮ್ಮ ಹಳ್ಳಿಗಳಲ್ಲಿ ಬರೀ ಜಮೀನಿನ ಜಗಳವಾಗಿ ಉಳಿಯುವುದಿಲ್ಲ. ಪರಿಶಿಷ್ಟ ಜಾತಿ, ಪಂಗಡದವರು ಎಂಬ ಕಾರಣಕ್ಕೆ ರಸ್ತೆ, ದಾರಿ, ಸ್ಮಶಾನ, ಸಾಮುದಾಯಿಕ ಆಸ್ತಿಗಳನ್ನು ಇತರರಂತೆ ಬಳಸಲು ಅಡ್ಡಿಪಡಿಸುವುದು ದೌರ್ಜನ್ಯ ತಡೆ ಕಾಯ್ದೆಯ 3ನೇ ಕಲಂ ಅಡಿ ಅಪರಾಧ. ಶಿಕ್ಷೆ ಆರು ತಿಂಗಳಿಗೆ ಕಡಿಮೆಯಿಲ್ಲದೆ ಐದು ವರ್ಷದ ತನಕ. ಅಂಥ ದೂರಿಗೆ ‘ಸರ್ವೆ ಮಾಡಿಸಿಕೊಂಡು ಬನ್ನಿ’ ಎಂದು ಠಾಣೆಯಿಂದ ವಾಪಸ್ ಕಳಿಸುವುದು ಸಲ್ಲದು.

ಈಗ ಹೆಚ್ಚು ಕಷ್ಟದ ಪ್ರಕರಣಕ್ಕೆ ಬರೋಣ. ನಕಾಶೆಯಲ್ಲಿ ಗೆರೆ ಇಲ್ಲ, ಖರಾಬಿಲ್ಲ. ನಿಮ್ಮ ಹೊಲಕ್ಕೆ ಹೋಗುವ ದಾರಿ ಮುಂದಿನವರ ಪಟ್ಟಾ ಜಮೀನಿನ ಬದುವಿನ ಪಕ್ಕ ನಡೆದು ನಡೆದೇ ಬಿದ್ದದ್ದು. ಇಲ್ಲಿ ಕೈಹಿಡಿಯಬೇಕಾದದ್ದು 1882ರ ಈಸ್‌ಮೆಂಟ್ ಕಾಯ್ದೆ. ಬ್ರಿಟಿಷರ ಕಾಲದ್ದಾದರೂ ಇಂದಿಗೂ ದಾರಿ ದಾವೆಗಳ ಬೆನ್ನೆಲುಬು ಅದೇ. ತಹಶೀಲ್ದಾರರು ಇಂಥ ಖಾಸಗಿ ನೆಲದಲ್ಲಿ ಇಲ್ಲದ ದಾರಿಯನ್ನು ಹೊಸದಾಗಿ ಹುಟ್ಟಿಸಿಕೊಡಲಾರರು. ಆ ಹಕ್ಕನ್ನು ನಿರ್ಣಯಿಸುವುದು ಸಿವಿಲ್ ನ್ಯಾಯಾಲಯದ ಕೆಲಸ.

ಕಾಯ್ದೆಯ 15ನೇ ಕಲಂ ಪ್ರಕಾರ ಒಂದು ದಾರಿಯನ್ನು ಇಪ್ಪತ್ತು ವರ್ಷ ಬಹಿರಂಗವಾಗಿ, ಗಲಾಟೆಯಿಲ್ಲದೆ, ಎಡೆಬಿಡದೆ, ಹಕ್ಕು ಎಂಬಂತೆ ಬಳಸಿದ್ದರೆ ಅದು ಹಕ್ಕಾಗುತ್ತದೆ. ಸರ್ಕಾರಿ ನೆಲದ ಮೇಲಾದರೆ ಮೂವತ್ತು ವರ್ಷ. ಈ ಇಪ್ಪತ್ತು ವರ್ಷದ ಅವಧಿ ದಾವೆ ಹೂಡುವುದಕ್ಕೆ ಹಿಂದಿನ ಎರಡು ವರ್ಷದೊಳಗೆ ಕೊನೆಗೊಂಡಿರಬೇಕು. ಸರಳವಾಗಿ ಹೇಳಬೇಕೆಂದರೆ, ಅರವತ್ತು ವರ್ಷ ಓಡಾಡಿದ ದಾರಿಯೇ ಇರಲಿ, ಮುಚ್ಚಿದ ಮೇಲೆ ಇಂದು ರಾಜಿ ಆಗುತ್ತದೆ, ನಾಳೆ ಆಗುತ್ತದೆ ಎಂದು ಮೂರು ವರ್ಷ ಕಾದು ಕೋರ್ಟಿಗೆ ಹೋದರೆ ಈ ಕಲಂ ಕೈಕೊಡುತ್ತದೆ. ಹಿರಿಯರ ಪಂಚಾಯಿತಿ, ದೇವರ ಮುಂದಿನ ಆಣೆ, ಚುನಾವಣೆ ಮುಗಿಯಲಿ ಎಂಬ ವಾಯಿದೆ ಎಲ್ಲದರಲ್ಲೂ ಕರಗುವುದು ಈ ಎರಡು ವರ್ಷ.

‘ಹಕ್ಕು ಎಂಬಂತೆ’ ಎಂಬ ಎರಡು ಪದಗಳ ಮೇಲೆ ಎಷ್ಟೋ ದಾವೆಗಳು ಬಿದ್ದುಹೋಗುತ್ತವೆ. ಪಾಟೀಸವಾಲಿನಲ್ಲಿ ಎದುರು ವಕೀಲರು ಬಹಳ ಮೃದುವಾಗಿ ಕೇಳುತ್ತಾರೆ: ‘ಏನ್ ಯಜಮಾನ್ರೇ, ಅವರ ತಂದೆಯವರು ಒಳ್ಳೆ ಮನುಷ್ಯರಲ್ವಾ? ನಿಮಗೆ ದಾರಿ ಬೇಡ ಅಂತ ಯಾವತ್ತೂ ಅಂದಿರ್ಲಿಲ್ಲ, ಅಲ್ವಾ?’ ಹಳ್ಳಿಯ ಸಾಕ್ಷಿ, ಸತ್ತವರ ಮೇಲಿನ ಗೌರವಕ್ಕೆ, ‘ಹೌದು ಸ್ವಾಮಿ, ಕೇಳಿದ್ರೆ ಇಲ್ಲ ಅಂತಿರ್ಲಿಲ್ಲ, ಅವರನ್ನ ಕೇಳ್ಕೊಂಡೇ ಹೋಗ್ತಿದ್ವಿ’ ಎನ್ನುತ್ತಾನೆ. ಆ ಉತ್ತರ ನಮೂದಾದ ಕ್ಷಣ ದಾವೆಯ ಜೀವ ಹೋಯಿತು. ಕೇಳಿಕೊಂಡು ನಡೆದದ್ದು ಅನುಮತಿ. ಅನುಮತಿಯ ಮೇಲೆ ಇಪ್ಪತ್ತು ವರ್ಷವಲ್ಲ, ನಲವತ್ತು ವರ್ಷ ನಡೆದರೂ 15ನೇ ಕಲಂನ ಹಕ್ಕು ಹುಟ್ಟುವುದಿಲ್ಲ. ಊರಿನ ಸೌಜನ್ಯ ಹೇಳುವುದೇ ಒಂದು, ಕಾಯ್ದೆ ಕೇಳುವುದೇ ಇನ್ನೊಂದು. ನೆರೆಯವರನ್ನು ಮಾತಾಡಿಸಿಕೊಂಡು ಹೋಗುವ ಒಳ್ಳೆಯತನವೇ ಕೊನೆಗೆ ಮುಳುವಾಗುವುದು ನನಗಂತೂ ಈ ಕಾನೂನಿನ ಅತ್ಯಂತ ಕಹಿ ಭಾಗವಾಗಿ ಕಾಣುತ್ತದೆ. ಸುಳ್ಳು ಹೇಳಿ ಎಂದು ಯಾರಿಗೂ ಹೇಳಲಾಗದು. ಆದರೆ ನಡೆದದ್ದು ನಿಜಕ್ಕೂ ಹಕ್ಕಿನಿಂದಲೋ ದಾಕ್ಷಿಣ್ಯದಿಂದಲೋ ಎಂಬುದನ್ನು ದಾವೆ ಹೂಡುವ ಮೊದಲೇ ನಿಮ್ಮ ವಕೀಲರ ಮುಂದೆ ಬಿಚ್ಚಿ ಹೇಳಿ.

2024ರ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟು ಮಹಾರಾಷ್ಟ್ರದ ಒಂದು ದಾರಿ ವ್ಯಾಜ್ಯದಲ್ಲಿ, ಮನೀಷಾ ಮಹೇಂದ್ರ ಗಾಲಾ ಪ್ರಕರಣದಲ್ಲಿ, ಕೊಟ್ಟ ತೀರ್ಪನ್ನು ದಾರಿ ದಾವೆ ಹೂಡುವವರೆಲ್ಲ ಓದಬೇಕು. ದಾರಿಯನ್ನು ‘ಹಲವು ವರ್ಷಗಳಿಂದ’ ಬಳಸುತ್ತಿದ್ದೇವೆ ಎಂದಷ್ಟೇ ಹೇಳಿದರೆ ಸಾಲದು, ಇಪ್ಪತ್ತು ವರ್ಷಕ್ಕೂ ಮೇಲ್ಪಟ್ಟ ಬಳಕೆಯನ್ನು ಸ್ಪಷ್ಟವಾಗಿ ಹೇಳಿ ಸಾಬೀತು ಮಾಡಬೇಕು ಎಂದಿತು ನ್ಯಾಯಾಲಯ. ಜಿಪಿಎ (ಅಧಿಕಾರಪತ್ರ) ಹಿಡಿದು ಸಾಕ್ಷಿ ನುಡಿಯಲು ಬಂದವರು ತಮಗೆ ಸ್ವತಃ ಗೊತ್ತಿರುವುದನ್ನು ಮಾತ್ರ ಹೇಳಬಲ್ಲರು, ಮಾಲೀಕರ ಹಿಂದಿನ ಅನುಭವವನ್ನು ಅವರ ಪರವಾಗಿ ಹೇಳಲಾಗದು ಎಂದೂ ಹೇಳಿತು. ನಮ್ಮ ಅರ್ಜಿಗಳ ‘ತಲೆತಲಾಂತರದಿಂದ’ ಎಂಬ ಪದಕ್ಕೆ ಕೋರ್ಟಿನಲ್ಲಿ ಎಷ್ಟು ಬೆಲೆ ಎಂಬುದು ಇದರಿಂದ ತಿಳಿಯುತ್ತದೆ. ಬೆಂಗಳೂರಿನಲ್ಲೋ ದುಬೈಯಲ್ಲೋ ಕುಳಿತು ಊರಿನ ಭಾವಮೈದುನನಿಗೆ ಜಿಪಿಎ ಕೊಟ್ಟು ದಾವೆ ನಡೆಸುವವರಿಗೂ ಇದರಲ್ಲಿ ಪಾಠವಿದೆ. ಸಾಕ್ಷಿಕಟ್ಟೆಗೆ ಆ ದಾರಿಯಲ್ಲಿ ನಡೆದವರೇ ಬರಬೇಕು.

‘ಆದರೆ ನನಗೆ ಬೇರೆ ದಾರಿಯೇ ಇಲ್ಲವಲ್ಲ!’ ಎಂಬುದು ಮುಂದಿನ ಮಾತು. ಬೇರೆ ದಾರಿ ಇಲ್ಲದಿದ್ದರೆ ಕಾನೂನು ಕೊಟ್ಟೇ ಕೊಡುತ್ತದೆ ಎಂಬ ನಂಬಿಕೆ ಹಳ್ಳಿಗಳಲ್ಲಿ ವ್ಯಾಪಕವಾಗಿದೆ. ಅರ್ಧ ಮಾತ್ರ ಸರಿ. ಅವಶ್ಯಕತೆಯ ದಾರಿ ಹುಟ್ಟುವುದು 13ನೇ ಕಲಂ ಹೇಳುವ ಸಂದರ್ಭದಲ್ಲಿ: ಎರಡೂ ಜಮೀನು ಒಂದು ಕಾಲಕ್ಕೆ ಒಬ್ಬರದೇ ಆಗಿದ್ದು, ಮಾರಾಟದಲ್ಲೋ ಪಾಲಿನಲ್ಲೋ ಒಡೆದು ಬೇರೆಯಾಗಿದ್ದರೆ. ನಾಲ್ಕು ಎಕರೆಯ ಹೊಲವನ್ನು ಅಣ್ಣತಮ್ಮಂದಿರು ಹಂಚಿಕೊಂಡರು ಎನ್ನಿ. ರಸ್ತೆಯ ಕಡೆಯ ಎರಡು ಎಕರೆ ಅಣ್ಣನಿಗೆ, ಹಿಂದಿನ ಎರಡು ಎಕರೆ ತಮ್ಮನಿಗೆ. ಪಾಲುಪಟ್ಟಿಯಲ್ಲಿ ದಾರಿಯ ಸುದ್ದಿಯೇ ಇಲ್ಲ. ತಮ್ಮನಿಗೆ ಅಣ್ಣನ ಹೊಲದ ಮೂಲಕ ಹೋಗುವ ಹಕ್ಕು ಇದೆ. ಅದು ಎಲ್ಲಿ ಹಾದುಹೋಗಬೇಕು ಎಂದು ಗುರುತಿಸುವ ಅಧಿಕಾರ ಅಣ್ಣನದು, ಆದರೆ ಅದು ತಮ್ಮನಿಗೆ ತಕ್ಕಮಟ್ಟಿಗೆ ಅನುಕೂಲವಾಗಿರಬೇಕು. ಅಣ್ಣ ಗುರುತಿಸಲು ಒಪ್ಪದಿದ್ದರೆ ತಮ್ಮನೇ ಗುರುತಿಸಿಕೊಳ್ಳಬಹುದು. ಇಷ್ಟನ್ನೂ 14ನೇ ಕಲಂ ಹೇಳುತ್ತದೆ. ಹಿಂದಿನ ಹೊಲ ಮತ್ತು ಮುಂದಿನ ಹೊಲ ಎಂದೂ ಒಂದೇ ಕುಟುಂಬದ್ದಾಗಿರಲಿಲ್ಲ ಎಂದಾದರೆ 13ನೇ ಕಲಂ ಬಾಗಿಲು ತೆರೆಯುವುದಿಲ್ಲ.

ಈ ಹಕ್ಕಿಗೆ ಆಯಸ್ಸೂ ಕಡಿಮೆ. ತಮ್ಮನ ಹೊಲದ ಹಿಂಬದಿಗೆ ಮುಂದೊಂದು ದಿನ ಹೊಸ ರಸ್ತೆ ಬಂತೆನ್ನಿ, ಅವಶ್ಯಕತೆ ತೀರಿತು, ಅಣ್ಣನ ಹೊಲದ ದಾರಿಯೂ ಮುಗಿಯಿತು ಎನ್ನುತ್ತದೆ 41ನೇ ಕಲಂ. ಅದೇ ದಾರಿ ಪತ್ರದಲ್ಲಿ ಬರೆದುಕೊಟ್ಟದ್ದಾಗಿದ್ದರೆ ಬೇರೆ ಮಾತು. ಬೇರೆ ದಾರಿ ಸಿಕ್ಕಿತು ಎಂಬ ಕಾರಣಕ್ಕೆ ಬರೆದುಕೊಟ್ಟ ಹಕ್ಕು ಅಳಿಯುವುದಿಲ್ಲ ಎಂದು 2006ರ ಹೀರೊ ವಿನೋತ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಪಾಲುಪಟ್ಟಿ ಬರೆಸುವಾಗ ಒಂದು ಸಾಲು ಹೆಚ್ಚು ಬರೆಸುವುದಕ್ಕೆ ಏನು ಖರ್ಚು? ‘ಪೂರ್ವದ ಬದುವಿಗೆ ಹೊಂದಿಕೊಂಡು ಹನ್ನೆರಡು ಅಡಿ ಅಗಲದ, ಟ್ರ್ಯಾಕ್ಟರ್ ಹಾಗೂ ಫಸಲಿನ ಲಾರಿ ಓಡಾಡುವ ದಾರಿ’ ಎಂದು ದಿಕ್ಕು, ಅಗಲ, ಬಳಕೆ ಮೂರನ್ನೂ ಬರೆಸಿ, ನಕ್ಷೆ ಲಗತ್ತಿಸಿ ನೋಂದಾಯಿಸಿದರೆ ಮೊಮ್ಮಕ್ಕಳ ಕಾಲಕ್ಕೂ ಅದು ನಿಲ್ಲುತ್ತದೆ. ಬಳಕೆ ಬರೆಸುವುದು ಏಕೆಂದರೆ, 28ನೇ ಕಲಂ ಪ್ರಕಾರ ಒಂದು ಬಗೆಯ ದಾರಿಯ ಹಕ್ಕು ಇನ್ನೊಂದು ಬಗೆಯದನ್ನು ಒಳಗೊಳ್ಳುವುದಿಲ್ಲ. ತಲೆಹೊರೆ ಹೊತ್ತು ನಡೆದ ಕಾಲುದಾರಿಯ ಹಕ್ಕು ಕೊಯ್ಲು ಯಂತ್ರ ನುಗ್ಗಿಸುವ ಹಕ್ಕಾಗುವುದಿಲ್ಲ. ಇಂದಿನ ಅರ್ಧ ಜಗಳಗಳ ಮೂಲ ಇದೇ. ಅಜ್ಜನ ಕಾಲದಲ್ಲಿ ಬದುವಿನ ಮೇಲೆ ನಡೆದರೆ ಸಾಕಿತ್ತು, ಮೊಮ್ಮಗನಿಗೆ ಟ್ರ್ಯಾಕ್ಟರ್ ಬೇಕು.

ಮುಂದಿನ ಹೊಲದವರ ಮಾತನ್ನೂ ಕೇಳಬೇಕು. ಅವರೆಲ್ಲ ದುಷ್ಟರಲ್ಲ. ಪಟ್ಟಣದ ಹತ್ತಿರದ ಹಳ್ಳಿಗಳಲ್ಲಿ ಹಿಂದಿನ ಜಮೀನು ಯಾರೋ ಕೊಂಡು, ಸೈಟು ಮಾಡುವ ಯೋಚನೆಯಲ್ಲಿ ‘ಇಲ್ಲಿ ಇಪ್ಪತ್ತಡಿ ದಾರಿ ಹಿಂದಿನಿಂದಲೂ ಇತ್ತು’ ಎಂದು ದಾವೆ ಹೂಡುವುದೂ ಇದೆ. ರಸ್ತೆ ಸಿಕ್ಕರೆ ಹಿಂದಿನ ಜಮೀನಿನ ಬೆಲೆ ಏರುತ್ತದೆ, ಕಳೆದುಕೊಳ್ಳುವವನು ಮಾತ್ರ ಎರಡು ಎಕರೆಯ ರೈತ. ಕೋರ್ಟುಗಳು ದಾರಿಯ ಹಕ್ಕಿಗೆ ಕಟ್ಟುನಿಟ್ಟಿನ ಪುರಾವೆ ಕೇಳುವುದು ಇಂಥವರ ರಕ್ಷಣೆಗೂ ಬೇಕು.

ದಾವೆ ಹೂಡುವುದೇ ಆದರೆ ಷೆಡ್ಯೂಲಿಗೆ ಗಮನ ಕೊಡಿ. ದಾರಿ ಯಾವ ಸರ್ವೆ ನಂಬರಿನ ಯಾವ ಮೂಲೆಯಿಂದ ಹೊರಟು ಎಲ್ಲಿ ಮುಗಿಯುತ್ತದೆ, ಉದ್ದ ಎಷ್ಟು, ಅಗಲ ಎಷ್ಟು, ನಡುವೆ ಯಾರ ಯಾರ ಜಮೀನು ಹಾಯುತ್ತದೆ ಎಂಬುದು ಸ್ಪಷ್ಟವಾಗಿರಬೇಕು. ಅಳತೆ ಇಲ್ಲದ ‘ದಾರಿ ಬಿಡಿಸಿಕೊಡತಕ್ಕದ್ದು’ ಎಂಬ ಡಿಕ್ರಿ ಕೈಗೆ ಬಂದರೂ ಜಾರಿಗೆ ಹೋದಾಗ ಅಮೀನರು ಹೊಲದಲ್ಲಿ ನಿಂತು ಎಲ್ಲಿಂದ ಎಲ್ಲಿಗೆ ಎಂದು ಕೇಳುತ್ತಾರೆ. ಕೋರ್ಟ್ ಕಮಿಷನರ್ ಆಗಿ ಸರ್ವೆಯರನ್ನು ನೇಮಿಸುವಂತೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 26ನೇ ಆದೇಶದಡಿ ಕೇಳಿಕೊಳ್ಳಬಹುದು. ಬೇಲಿ ಈಗಾಗಲೇ ಬಿದ್ದಿದ್ದರೆ ಬರೀ ‘ಅಡ್ಡಿಪಡಿಸಕೂಡದು’ ಎಂಬ ನಿರ್ಬಂಧಕಾಜ್ಞೆ ಸಾಲದು. ಹಕ್ಕಿನ ಘೋಷಣೆಯನ್ನೂ, ಬೇಲಿ ತೆಗೆಸುವ ಆಜ್ಞೆಯನ್ನೂ ಕೇಳಬೇಕು. ದಾರಿ ಸಾರ್ವಜನಿಕವಾದರೆ ಇಬ್ಬರು ಅಥವಾ ಹೆಚ್ಚು ಮಂದಿ ಕೋರ್ಟಿನ ಅನುಮತಿ ಪಡೆದು ಅದೇ ಸಂಹಿತೆಯ 91ನೇ ಕಲಂ ಅಡಿ ದಾ‍ವೆ ಹೂಡಬಹುದು. ಅದರಲ್ಲಿ ಸರ್ಕಾರವನ್ನು ಕಕ್ಷಿದಾರ ಮಾಡುವುದಾದರೆ ಎರಡು ತಿಂಗಳ ಮುಂಚೆ 80ನೇ ಕಲಂನ ನೋಟಿಸ್ ಕೊಡಬೇಕು. ತುರ್ತಿದ್ದರೆ ಕೋರ್ಟಿನ ಅನುಮತಿ ಪಡೆದು ನೋಟಿಸ್ ಇಲ್ಲದೆಯೂ ಹೋಗಬಹುದು.

ದಾವೆ ಮುಗಿಯುವಷ್ಟರಲ್ಲಿ ಎಷ್ಟೋ ಮುಂಗಾರು ಕಳೆದಿರುತ್ತವೆ. ಬಿತ್ತನೆಯ ಹೊತ್ತಿಗೆ ಹೊಲಕ್ಕೆ ಹೋಗಲೇಬೇಕಾದವನಿಗೆ ನಾಗರಿಕ ಸುರಕ್ಷಾ ಸಂಹಿತೆಯ 166ನೇ ಕಲಂ ಇದೆ. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 147 ಇದೇ. ನೆಲ ಅಥವಾ ನೀರು ಬಳಸುವ ಹಕ್ಕಿನ ತಕರಾರಿನಿಂದ ಶಾಂತಿಭಂಗ ಆಗುವ ಸಂಭವವಿದೆ ಎಂದು ಪೊಲೀಸ್ ವರದಿಯಿಂದ ಮನವರಿಕೆಯಾದರೆ, ತಾಲ್ಲೂಕು ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟರಾದ ತಹಶೀಲ್ದಾರರು ವಿಚಾರಣೆ ಮಾಡಿ, ಬಳಕೆಗೆ ಅಡ್ಡಿಪಡಿಸದಂತೆ ಆದೇಶಿಸಬಹುದು. ವರ್ಷವಿಡೀ ಬಳಸುವ ದಾರಿಯಾದರೆ ವಿಚಾರಣೆಗೆ ಕಾರಣವಾದ ವರದಿ ಮ್ಯಾಜಿಸ್ಟ್ರೇಟರಿಗೆ ತಲುಪುವ ಹಿಂದಿನ ಮೂರು ತಿಂಗಳೊಳಗೆ ಅದನ್ನು ಬಳಸಿರಬೇಕು. ಬಿತ್ತನೆ, ಕೊಯ್ಲಿನಂಥ ಹಂಗಾಮಿನಲ್ಲಷ್ಟೇ ಬಳಸುವ ದಾರಿಯಾದರೆ ಕಳೆದ ಹಂಗಾಮಿನಲ್ಲಿ ಬಳಸಿರಬೇಕು. ರೈತನ ಬದುಕು ಗೊತ್ತಿದ್ದ ಯಾರೋ ಬರೆದ ಕಲಂ ಇದು. ಆದರೂ ತಾಲ್ಲೂಕು ಕಚೇರಿಗಳಲ್ಲಿ ಇದರ ಬಳಕೆ ಆಗಬೇಕಾದಷ್ಟು ಆಗುತ್ತಿಲ್ಲ ಎಂಬುದು ನನ್ನ ಅನಿಸಿಕೆ.

ರಾತ್ರಿ ಜೆಸಿಬಿ ತಂದು ಬೇಲಿ ಕಿತ್ತು ಹಾಕುವ ಸಲಹೆ ಪ್ರತಿ ಊರಿನಲ್ಲೂ ಯಾರಾದರೊಬ್ಬರು ಕೊಡುತ್ತಾರೆ. ಕಿತ್ತವರು ಬೆಳಿಗ್ಗೆ ಆರೋಪಿಗಳಾಗುತ್ತಾರೆ. ಅತಿಕ್ರಮ ಪ್ರವೇಶ, ಆಸ್ತಿ ಹಾನಿ ಎಂದು ಎಫ್‌ಐಆರ್ ಬೀಳುತ್ತದೆ, ದಾರಿಯ ಪ್ರಶ್ನೆ ಹಿಂದಕ್ಕೆ ಸರಿದು ಜಾಮೀನಿನ ಪ್ರಶ್ನೆ ಮುಂದಕ್ಕೆ ಬರುತ್ತದೆ. ಅದಕ್ಕಿಂತ ಲೋಕ ಅದಾಲತ್ ಲೇಸು. ಅಲ್ಲಿ ಎರಡೂ ಕಡೆಯವರು ಒಪ್ಪಿ ಬರೆದ ರಾಜಿಗೆ ಡಿಕ್ರಿಯ ಬಲವಿದೆ, ಮೇಲ್ಮನವಿ ಇಲ್ಲ, ಕೋರ್ಟ್ ಶುಲ್ಕ ವಾಪಸ್ ಬರುತ್ತದೆ. ಹೊಲದವನಿಗೆ ಬದುವಿನ ನೆಲದ ಬದಲು ಅಷ್ಟೇ ನೆಲ ಬೇರೆ ಕಡೆ ಬಿಟ್ಟುಕೊಟ್ಟೋ, ಬೆಲೆ ಕೊಟ್ಟೋ ಅಗಲವಾದ ದಾರಿ ಪಡೆಯುವ ರಾಜಿಯನ್ನು ಯಾವ ತೀರ್ಪೂ ಕೊಡಲಾರದು.

ಸರ್ಕಾರ ಮಾಡಬೇಕಾದದ್ದೂ ಇದೆ. ನೆರೆಯ ಮಹಾರಾಷ್ಟ್ರದ ಭೂ ಕಂದಾಯ ಸಂಹಿತೆಯ 143ನೇ ಕಲಂ, ಬದುಗಳ ಮೇಲಿಂದ ಹೊಲಕ್ಕೆ ಹೋಗುವ ದಾರಿಯ ಬಗ್ಗೆ ವಿಚಾರಣೆ ಮಾಡಿ ತೀರ್ಮಾನಿಸುವ ಅಧಿಕಾರವನ್ನು ತಹಶೀಲ್ದಾರರಿಗೆ ನೇರವಾಗಿ ಕೊಟ್ಟಿದೆ. ಮೇಲ್ಮನವಿಗೂ ದಾವೆಗೂ ಅದರಲ್ಲಿ ಅವಕಾಶವಿದೆ. ಸುತ್ತೋಲೆಗಳ ಮೇಲೆ ಸುತ್ತೋಲೆ ಹೊರಡಿಸುವ ಬದಲು ಅಷ್ಟು ಸ್ಪಷ್ಟವಾದ ಒಂದು ಕಲಂ ನಮ್ಮ ಭೂ ಕಂದಾಯ ಕಾಯ್ದೆಗೆ ಸೇರಿಸಿದರೆ ಸಾವಿರಾರು ರೈತರ ಅಲೆದಾಟ ತಪ್ಪುತ್ತದೆ. ಪ್ರತಿ ಪಂಚಾಯಿತಿ ಕಚೇರಿಯ ಗೋಡೆಯ ಮೇಲೆ ಆ ಊರಿನ ನಕಾಶೆಯನ್ನು, ‘ಬ’ ಖರಾಬಿನ ಪಟ್ಟಿ ಸಮೇತ, ದೊಡ್ಡದಾಗಿ ಹಾಕಿಸುವುದಕ್ಕೆ ಕಾಯ್ದೆಯ ತಿದ್ದುಪಡಿಯೂ ಬೇಕಿಲ್ಲ.

ಅದಾಗುವ ತನಕ ನಿಮ್ಮ ಕೈಯಲ್ಲಿರುವುದನ್ನು ಮಾಡಿ. ಈ ಬೇಸಿಗೆಯಲ್ಲೇ ಊರಿನ ನಕಾಶೆ, ಆಕಾರ್‌ಬಂದ್‌ಗಳ ನಕಲು ತೆಗೆಸಿಡಿ. ನಿಮ್ಮ ದಾರಿಯಲ್ಲಿ ಯಾರಾದರೂ ಕಲ್ಲು ನೆಟ್ಟರೆ ಫೋಟೊ ತೆಗೆದು, ಆ ದಿನಾಂಕವನ್ನು ಬರೆದಿಟ್ಟುಕೊಂಡು, ವಾರದೊಳಗೆ ಲಿಖಿತ ತಕರಾರು ಕೊಟ್ಟು ಸ್ವೀಕೃತಿ ಪಡೆಯಿರಿ. ಎರಡು ವರ್ಷದ ಲೆಕ್ಕ ಆ ದಿನದಿಂದಲೇ ಶುರು.